ಧೂಮಜಿತ ಮಹಾರಾಜರ ಕಾಲು ಗಳಿಗೆ

ಬಹಳ ಹಿಂದೆ, ಅಂದರೆ ಇವತ್ತಿನ ಯಾರೂ ಮಾನನಷ್ಟ ಮೊಕದ್ದಮೆ ಹೂಡಲಾಗದಷ್ಟು ಹಿಂದೆ, ಅಗರುಗಿರಿ ಎಂಬ ರಾಜ್ಯವಿತ್ತು. ಅದನ್ನು ದೃಢಸಂಕಲ್ಪ ಮಹಾರಾಜರು ಆಳುತ್ತಿದ್ದರು. ಎದ್ದಾಗಿನಿಂದ ಮಲಗುವವರೆಗೆ ಅವರು ನಲವತ್ತು ಚುಟ್ಟ ಸೇದುತ್ತಿದ್ದರು. ಪ್ರತಿ ಚುಟ್ಟವೂ ಗೇಣುದ್ದ. ಒಳಗೆ ಹೊಗೆಸೊಪ್ಪು, ಹೊರಗೆ ರಾಜಮುದ್ರೆ.

ಸಿಂಹಾಸನಕ್ಕೆ ಒಂಬತ್ತು ಮೆಟ್ಟಿಲಿದ್ದವು. ಒಂದು ವರ್ಷದಿಂದ ಮಹಾರಾಜರು ಐದನೆಯ ಮೆಟ್ಟಿಲಲ್ಲಿ ನಿಂತು ಏದುಸಿರು ಬಿಡುತ್ತಿದ್ದರು. ಮಹಾಮಂತ್ರಿ ಸಮ್ಮತಸೇನ ಆ ಮೆಟ್ಟಿಲಿಗೆ ‘ಚಿಂತನ ಸೋಪಾನ’ ಎಂದು ಹೆಸರಿಟ್ಟು, ಮಹಾರಾಜರು ಅಲ್ಲಿ ನಿಂತು ಪ್ರಜೆಗಳ ಕಷ್ಟಸುಖ ಯೋಚಿಸುತ್ತಾರೆಂದು ರಾಜಪತ್ರದಲ್ಲಿ ಪ್ರಕಟಿಸಿದ್ದ. ಯುಗಾದಿಯ ದಿನ ಉಪ್ಪರಿಗೆಯಿಂದ ಭಾಷಣ ಮಾಡುವಾಗ ಮಹಾರಾಜರಿಗೆ ಕೆಮ್ಮು ಹತ್ತಿತು, ಬಹಳ ಹೊತ್ತು ನಿಲ್ಲಲಿಲ್ಲ. ಕೆಳಗಿದ್ದ ಜನ ಅದೂ ಭಾಷಣದ ಭಾಗವೆಂದು ಚಪ್ಪಾಳೆ ತಟ್ಟಿದರು. ಹೋದ ವರ್ಷದ್ದಕ್ಕಿಂತ ಈ ಸಲ ಭಾಷಣದಲ್ಲಿ ಸತ್ವವಿತ್ತು ಎಂದವರೂ ಇದ್ದರು. ಕರವಸ್ತ್ರದಲ್ಲಿ ಬಿದ್ದ ಕೆಂಪು ಚುಕ್ಕೆಯನ್ನು ನೋಡಿದವರು ಮಹಾರಾಜರೊಬ್ಬರೇ.

ಮಾರನೆಯ ಬೆಳಿಗ್ಗೆ ಡಂಗುರ ಹೊಡೆಸಿದರು: ‘ಮಹಾರಾಜರು ಚುಟ್ಟ ಬಿಟ್ಟಿದ್ದಾರೆ!’ ಬಿಡುವ ಕೆಲಸವನ್ನು ಡಂಗುರ ಮುಗಿದ ಮೇಲೆ ಕೈಗೆತ್ತಿಕೊಳ್ಳುವುದೆಂದು ತೀರ್ಮಾನವಾಯಿತು.

ರಾಜವೈದ್ಯರಿಗೆ ಬುದ್ಧಿಯಿತ್ತು. ಅವರು ಆ ಕ್ಷಣವೇ ಸೊಂಟನೋವೆಂದು ಮಲಗಿಬಿಟ್ಟರು. ಹೀಗಾಗಿ ಕರೆ ಹೋದದ್ದು ಅರಮನೆಯ ಔಷಧಶಾಲೆಯಲ್ಲಿ ಬೇರುನಾರು ವಿಂಗಡಿಸುತ್ತಿದ್ದ ಈರಪಂಡಿತನಿಗೆ.

ಈರಪಂಡಿತ ಇಪ್ಪತ್ತೆರಡು ವರ್ಷ ಬೀಡಿ ಸೇದಿದವನು. ಮೂಲಿಕೆಯ ವೈದ್ಯನಿಗೆ ಮೂಗೇ ಬಂಡವಾಳ. ಅವನ ಬಂಡವಾಳ ಹೊಗೆಯಾಗಿ ಹೋಗಿತ್ತು. ಅಶ್ವಗಂಧದ ಬೇರಿಗೆ ಕುದುರೆಯ ವಾಸನೆ ಇರಬೇಕು. ಅವನಿಗೆ ಕುದುರೆಲಾಯದ ನಡುವೆ ನಿಂತರೂ ಕುದುರೆಯ ವಾಸನೆ ಬರುತ್ತಿರಲಿಲ್ಲ. ಒಂದು ದಿನ ಯಾರದೋ ಜ್ವರಕ್ಕೆ ಯಾವುದೋ ಬೇರು ಕೊಡುವುದರಲ್ಲಿದ್ದ. ರೋಗಿಯ ತಾಯಿ ಮೂಸಿ ನೋಡಿ, “ಪಂಡಿತರೇ, ಇದು ಅದಲ್ಲ,” ಎಂದಳು. ಅಂದು ಅವನು ಬೀಡಿ ಬಿಡಲು ಕೂತ.

ಬಿಡುವುದನ್ನೂ ಪ್ರಯೋಗದಂತೆ ಮಾಡಿದ. ತಳದಲ್ಲಿ ತೂತಿರುವ ಸಣ್ಣ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ ಅದು ತುಂಬಿ ಮುಳುಗಲು ಸರಿಯಾಗಿ ಕಾಲು ಗಳಿಗೆ ಬೇಕು. ಬೀಡಿಯ ಚಪಲ ಎದ್ದಾಗಲೆಲ್ಲ ಬಟ್ಟಲು ತೇಲಿಬಿಟ್ಟು ಎದುರಿಗೆ ಕೂತ. ಚಪಲ ಏರಿತು, ಎದೆ ಹಿಂಡಿತು, ಇನ್ನು ತಡೆಯಲಾರೆ ಎನ್ನುವಲ್ಲಿಗೆ ಬಂತು. ಆಮೇಲೆ, ಯಾರೂ ಏನೂ ಮಾಡದಿದ್ದರೂ, ಇಳಿಯಿತು. ನೂರಾ ಹದಿನಾಲ್ಕು ಸಲ ನೋಡಿದ. ಒಂದು ಸಲವೂ ಚಪಲ ಬಟ್ಟಲಿಗಿಂತ ಹೆಚ್ಚು ಹೊತ್ತು ಬಾಳಲಿಲ್ಲ. ಇಪ್ಪತ್ತನೆಯ ದಿನ ಬೀದಿಯಲ್ಲಿ ಬರುತ್ತಿದ್ದಾಗ ಮನೆಯೊಳಗಿನ ಕೊತ್ತಂಬರಿ ಸಾರಿನ ಘಮ ಮೂಗಿಗೆ ಬಡಿದು, ಅವನು ಅಲ್ಲೇ ನಿಂತುಬಿಟ್ಟ. ದೃಷ್ಟಿಯಾದೀತೆಂದು ಹೆಂಡತಿ ಹೊನ್ನವ್ವ ಈ ಸಂಗತಿಯನ್ನು ಯಾರಿಗೂ ಹೇಳಗೊಡಲಿಲ್ಲ.

ಇಷ್ಟು ಜ್ಞಾನದೊಂದಿಗೆ ಅವನು ಆಸ್ಥಾನಕ್ಕೆ ಹೋದ.

“ಪ್ರಭು, ನನ್ನಲ್ಲಿ ಒಬ್ಬ ರೋಗಿ ಗುಣವಾಗಿದ್ದಾನೆ. ಉಪಾಯ ಸುಲಭ. ಚಪಲ ಬಂದಾಗ ಕಾಲು ಗಳಿಗೆ ಸುಮ್ಮನೆ ಕೂತಿರಬೇಕು.”



“ಸುಮ್ಮನೆ ಅಂದರೆ?” ಎಂದ ಸಮ್ಮತಸೇನ. “ಮಹಾರಾಜರಿಗೆ ಒಂದು ಆಸೆ ಹುಟ್ಟುತ್ತದೆ. ನಾವು ಮುನ್ನೂರು ಜನ ನೋಡುತ್ತಾ ನಿಂತಿರುತ್ತೇವೆ. ಅದನ್ನು ಯಾರೂ ಪೂರೈಸುವುದಿಲ್ಲ. ಪಂಡಿತರೇ, ಇದಕ್ಕೆ ಈ ರಾಜ್ಯದಲ್ಲಿ ಬೇರೆ ಹೆಸರಿದೆ. ದಂಗೆ ಅಂತ.”

“ಹೋಗಲಿ, ಈ ಆಸೆ ಎಲ್ಲಿಂದ ಬರುತ್ತದೆ, ಅದನ್ನು ಹೇಳು,” ಎಂದರು ಮಹಾರಾಜರು.

ಇಲ್ಲಿ ಈರಪಂಡಿತ ಓದಿದವನು ಮಾಡುವ ತಪ್ಪನ್ನು ಮಾಡಿದ. ಕೇಳಿದ್ದಕ್ಕೆ ನಿಜವಾದ ಉತ್ತರ ಕೊಟ್ಟ. “ಪ್ರಭು, ಮನಸ್ಸು ಚುಟ್ಟವನ್ನು ಬೇರೆ ಸಂಗತಿಗಳ ಜೊತೆ ಗಂಟು ಹಾಕಿಟ್ಟಿರುತ್ತದೆ. ಕಾಫಿ ಕುಡಿದಾಗ, ಊಟವಾದಾಗ, ಎಲ್ಲೋ ಹೊಗೆ ಕಂಡಾಗ ನೆನಪು ಕೆರಳುತ್ತದೆ. ಅವೇ ಕಾರಣ.”

ಮಹಾಮಂತ್ರಿಯ ಮುಖ ಅರಳಿತು. ಅಗರುಗಿರಿಯ ಆಡಳಿತದಲ್ಲಿ ಕಾರಣ ಸಿಕ್ಕಿತೆಂದರೆ ಅಪರಾಧಿ ಸಿಕ್ಕಂತೆ.

ಮೂರು ದಿನದಲ್ಲಿ ‘ಸ್ಮರಣಕಾರಕ ನಿರ್ಮೂಲನ ಪ್ರಾಧಿಕಾರ’ ಹುಟ್ಟಿತು. ನಾನೂರು ನಿರೀಕ್ಷಕರು, ಅವರಿಗೆ ಮೇಲ್ವಿಚಾರಕರು, ಮೇಲ್ವಿಚಾರಕರಿಗೆ ಕಾರ್ಯಾಗಾರ. ಮೊದಲ ಆಜ್ಞೆಯಲ್ಲಿ ಕಾಫಿ ಹೋಯಿತು. ಎರಡನೆಯದರಲ್ಲಿ ಊದುಬತ್ತಿ. ಮೂರನೆಯದರಲ್ಲಿ, ನುಗ್ಗೆಕಾಯಿ ದೂರದಿಂದ ಚುಟ್ಟದಂತೆ ಕಾಣುತ್ತದೆಂದು ವರದಿ ಬಂದು, ರಾಜಧಾನಿಯ ನುಗ್ಗೆಮರಗಳನ್ನೆಲ್ಲ ಕಡಿದರು. ಬೆಂಡೆಕಾಯಿಯ ಬಗ್ಗೆ ತಜ್ಞರಲ್ಲಿ ಒಮ್ಮತ ಮೂಡದೆ, ಅದನ್ನು ಹೆಚ್ಚಿ ಮಾತ್ರ ಸಾಗಿಸಬಹುದೆಂದು ಷರತ್ತುಬದ್ಧ ಅನುಮತಿ ಸಿಕ್ಕಿತು. ಶಾಲೆಗಳಲ್ಲಿ ಸೀಮೆಸುಣ್ಣ ನಿಷಿದ್ಧವಾಯಿತು. ಮೇಷ್ಟ್ರುಗಳು ಗಾಳಿಯಲ್ಲಿ ಬೆರಳಾಡಿಸಿ ಲೆಕ್ಕ ಕಲಿಸಿದರು, ಫಲಿತಾಂಶದಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸವಾಗಲಿಲ್ಲ.

ಏಳನೆಯ ಆಜ್ಞೆ ಒಲೆಗಳದ್ದು. ಮಹಾರಾಜರು ಉಪ್ಪರಿಗೆಗೆ ಬಂದಾಗ ಊರಿನ ಹೆಂಚುಗಳ ಸಂದಿಯಿಂದ ಹೊಗೆ ಏಳುವುದು ಕಣ್ಣಿಗೆ ಬಿತ್ತು. ಅಂದು ಅವರು ಮೂರು ಚುಟ್ಟ ಹೆಚ್ಚು ಸೇದಿದರು. ಮರುದಿನದಿಂದ ರಾಜಧಾನಿಯಲ್ಲಿ ಯಾರೂ ಒಲೆ ಹಚ್ಚುವಂತಿಲ್ಲ. ಅರಮನೆಯ ಅಡುಗೆಮನೆಗೆ ಮಾತ್ರ ವಿನಾಯಿತಿ, ಏಕೆಂದರೆ ಅದರ ಹೊಗೆ ಹಿಂದುಗಡೆ ಹೋಗುತ್ತಿತ್ತು.

ಈರಪಂಡಿತ ಮಹಾಮಂತ್ರಿಯ ಬಳಿಗೆ ಓಡಿದ. “ಸ್ವಾಮಿ, ಎಲ್ಲಾ ನಿಲ್ಲಿಸಿದಿರಿ. ಆ ಚುಟ್ಟವನ್ನು ಯಾಕೆ ನಿಲ್ಲಿಸಲಿಲ್ಲ?”

“ಪಂಡಿತರೇ, ನೀವೇ ಯೋಚಿಸಿ,” ಎಂದ ಸಮ್ಮತಸೇನ ಮಗುವಿಗೆ ಹೇಳುವಂತೆ. “ಚುಟ್ಟ ಬಾಯಲ್ಲಿರುವಾಗ ಮಹಾರಾಜರಿಗೆ ಚುಟ್ಟ ಬೇಕು ಅಂತ ಅನ್ನಿಸುತ್ತದೆಯೇ?”

“ಇಲ್ಲ.”

“ಸೇದಿ ಮುಗಿಸಿದ ಮೇಲೆ?”

“ಸ್ವಲ್ಪ ಹೊತ್ತಿಗೆ ಅನ್ನಿಸುತ್ತದೆ.”

“ಹಾಗಾದರೆ ಕಾಯಿಲೆ ಇರುವುದು ಚುಟ್ಟ ಇಲ್ಲದಿರುವಾಗ. ಚುಟ್ಟ ಅದಕ್ಕೆ ಮದ್ದು. ನಿನ್ನೆಯೇ ಔಷಧಗಳ ಪಟ್ಟಿಗೆ ಸೇರಿಸಿದ್ದೇವೆ.”

ಇಪ್ಪತ್ತೆರಡು ವರ್ಷ ತಾನೂ ತನಗೆ ಹೇಳಿಕೊಂಡು ಬಂದದ್ದು ಇದೇ ವಾದ ಎಂಬುದು ಈರಪಂಡಿತನಿಗೆ ನೆನಪಾಯಿತು. ಹುಣ್ಣು ಮಾಡುವ ಕೈಯೇ ಒಂದಿಷ್ಟು ನೇವರಿಸಿ ಹೋಗುತ್ತದೆ. ಆ ನೇವರಿಕೆಯನ್ನೇ ಮನುಷ್ಯ ಸುಖವೆಂದು ತಿಳಿಯುತ್ತಾನೆ.

ಮನೆಯಲ್ಲಿ ಹೊನ್ನವ್ವ ನೆನೆಸಿದ ಅವಲಕ್ಕಿಯ ತಟ್ಟೆಯನ್ನು ಅವನ ಮುಂದೆ ಕುಕ್ಕಿದಳು. ಹನ್ನೊಂದನೆಯ ದಿನದ ಅವಲಕ್ಕಿ.

“ನೀವು ಬಿಟ್ಟಿದ್ದು ಬೀಡಿ, ನಮ್ಮ ಕೈಲಿ ಬಿಡಿಸಿದ್ದು ಅನ್ನ. ಹೊಗೆ ಕಂಡ್ರೆ ನೆನಪಾಗುತ್ತೆ ಅಂತ ರಾಜಂಗೆ ಹೇಳಿಕೊಟ್ಟೋರು ಯಾರ್ರೀ? ಹಿಂದಿನ ಮನೆ ಪುಟ್ಟಕ್ಕನ ಸೊಸೆ ಹೆತ್ತು ನಾಲ್ಕು ದಿನ ಆಯ್ತು. ಬಾಣಂತಿಗೆ ಒಂದು ಚೊಂಬು ಬಿಸಿನೀರಿಲ್ಲ. ಪುಟ್ಟಕ್ಕ ನನ್ನ ಮುಖ ನೋಡಿ, ‘ನಿಮ್ಮೆಜಮಾನ್ರು ಭಾಳ ತಿಳಿದೋರಂತೆ’ ಅಂದ್ಲು. ನಾನು ಭೂಮಿಗೆ ಇಳಿದುಹೋದೆ.”

“ನಾನು ಹೇಳಿದ್ದು ಕಾಲು ಗಳಿಗೆ ಕೂತ್ಕೊಳ್ಳಿ ಅಂತ ಕಣೇ.”

“ಅದನ್ನ ಕೂತು ತೋರಿಸಿ ಹೇಳಬೇಕಿತ್ತು. ರೋಗಿ ಯಾರೋ ಅಂತ ಬಚ್ಚಿಟ್ರಲ್ಲ, ಯಾರು ನಂಬ್ತಾರೆ? ಹೋಗಿ, ನಾನೇ ಅಂತ ಹೇಳಿ. ದೃಷ್ಟಿ ಆದ್ರೆ ಆಗ್ಲಿ, ನಿವಾಳಿಸ್ತೀನಿ.”

ಹೀಗೆ ಈರಪಂಡಿತ ತನ್ನ ತಾಮ್ರದ ಬಟ್ಟಲನ್ನು ಹೆಗಲುಚೀಲದಲ್ಲಿಟ್ಟುಕೊಂಡು ಎರಡನೆಯ ಸಲ ಆಸ್ಥಾನಕ್ಕೆ ಹೋದ. ಅಲ್ಲಿ ಮೋಡಗಳ ಬಗ್ಗೆ ಮಧ್ಯಂತರ ವರದಿ ಮಂಡನೆಯಾಗುತ್ತಿತ್ತು.

“ಪ್ರಭು, ಅಂದು ಹೇಳಿದ ರೋಗಿ ನಾನೇ. ಬೀಡಿ ಮುಟ್ಟಿ ಇವತ್ತಿಗೆ ಎಪ್ಪತ್ತೊಂದು ದಿನ.”

ಮಹಾರಾಜರು ಸಿಂಹಾಸನದಲ್ಲಿ ಮುಂದಕ್ಕೆ ಬಾಗಿದರು. ಅವರ ದನಿಯಲ್ಲಿ ಅರಸನಿರಲಿಲ್ಲ, ಕೆಮ್ಮಿ ಸುಸ್ತಾದ ಮನುಷ್ಯನೊಬ್ಬನಿದ್ದ. “ನಿಜವಾಗ್ಲೂ ಬಿಟ್ಯಾ? ಹೇಗಿರುತ್ತೋ?”

“ಮೊದಲು ಪ್ರಾಣ ಹೋದಹಾಗೆ ಆಗುತ್ತೆ, ಪ್ರಭು. ಹೋಗೋದಿಲ್ಲ. ಆಮೇಲೆ ಮೂಗು ಬರುತ್ತೆ.”

“ಹಾಕು ನೋಡೋಣ ನಿನ್ನ ಬಟ್ಟಲು.”

ಬೆಳ್ಳಿಯ ಕೊಪ್ಪರಿಗೆಯಲ್ಲಿ ನೀರು ತಂದಿಟ್ಟರು. ಬಟ್ಟಲು ತೇಲಿತು. ಮಹಾರಾಜರು ಕೈಯಲ್ಲಿದ್ದ ಚುಟ್ಟ ಕೆಳಗಿಟ್ಟು ಅದನ್ನೇ ದಿಟ್ಟಿಸಿದರು. ಸ್ವಲ್ಪ ಹೊತ್ತಿಗೆ ಬೆರಳುಗಳು ಸಿಂಹಾಸನದ ತೋಳನ್ನು ಕೆರೆಯತೊಡಗಿದವು. ಹಣೆಯಲ್ಲಿ ಬೆವರು. “ಇನ್ನೆಷ್ಟು?” “ಅರ್ಧ ತುಂಬಿದೆ ಪ್ರಭು.” ದವಡೆ ಬಿಗಿಯಿತು. “ಇನ್ನೆಷ್ಟಯ್ಯಾ?” “ಮುಕ್ಕಾಲು. ಇದೇ ತುದಿ, ಪ್ರಭು. ಇನ್ನು ಇಳಿಜಾರು.” ಮಹಾರಾಜರು ಕಣ್ಣು ಮುಚ್ಚಿದರು. ಬಟ್ಟಲಿನ ಅಂಚಿಗೂ ನೀರಿಗೂ ನಡುವೆ ಒಂದು ಅಕ್ಕಿಕಾಳಿನಷ್ಟು ಉಳಿದಿದ್ದಾಗ ಅವರು ಕಣ್ಣು ತೆರೆದು ಬೆರಗಿನಿಂದ, “ಪಂಡಿತ... ಇಳೀತಾ ಇದೆ ಕಣೋ,” ಎಂದರು.

ಸಮ್ಮತಸೇನನಿಗೆ ಕಂಡದ್ದು ಬೇರೆ. ನಾನೂರು ನಿರೀಕ್ಷಕರೂ ಅವರ ಮೇಲ್ವಿಚಾರಕರೂ ಬಟ್ಟಲಿನ ಜೊತೆಯಲ್ಲೇ ಮುಳುಗುವುದು ಅವನಿಗೆ ಕಾಣಿಸಿತು. “ಅಯ್ಯೋ, ನಮ್ಮ ಪ್ರಭುಗಳ ಮುಖ ಬಾಡಿತಲ್ಲಾ!” ಎಂದು ಎದೆ ಬಡಿದುಕೊಂಡು, ದುಃಖ ತಡೆಯಲಾರದವನಂತೆ ತಾನೇ ಒಂದು ಚುಟ್ಟ ಹೊತ್ತಿಸಿ, ಗಾಳಿ ನೋಡಿಕೊಂಡು ಊದಿದ. ಹೊಗೆ ಮೆಲ್ಲಗೆ ಸಿಂಹಾಸನದ ಕಡೆಗೆ ಹೋಯಿತು. ಮಹಾರಾಜರ ಕೈ ತಾನಾಗಿ ಚಾಚಿತು. ಮಂತ್ರಿ ಅದರಲ್ಲಿ ಚುಟ್ಟ ಇಟ್ಟ.

ಆಗ ಬಟ್ಟಲು ಗುಳುಂ ಎಂದು ಮುಳುಗಿತು. ಆಸ್ಥಾನಿಕರ ಜಯಘೋಷದ ನಡುವೆ ಅದು ಈರಪಂಡಿತನೊಬ್ಬನಿಗೆ ಕೇಳಿತು.

ಸೋತವನನ್ನು ನೋಡಿದವನ ಮೇಲೆ ಸೋತವನಿಗೆ ಬರುವ ಸಿಟ್ಟಿಗೆ ಸಾಟಿಯಿಲ್ಲ. ಮಹಾರಾಜರು ಎರಡು ದಂ ಎಳೆದು, ಪಂಡಿತನತ್ತ ತಿರುಗಿದಾಗ ದನಿಗೆ ಅರಸ ವಾಪಸು ಬಂದಿದ್ದ.

“ಎಪ್ಪತ್ತೊಂದು ದಿನ ಅಂದೆಯಲ್ಲ. ನಾವು ಬಿಟ್ಟು ಎಷ್ಟು ದಿನವಾಯಿತು, ಮಹಾಮಂತ್ರಿ?”

“ಡಂಗುರದ ಪ್ರಕಾರ ಮೂವತ್ತೊಂದು, ಪ್ರಭು.”

“ಅಂದರೆ ಇವನು ನಮಗಿಂತ ಮುಂಚೆ ಬಿಟ್ಟಿದ್ದಾನೆ.”

ಪ್ರೋಟೋಕಾಲಿನ ಗ್ರಂಥ ತರಿಸಲಾಯಿತು. ಅರಸನಿಗಿಂತ ಮೊದಲು ಯಾರೂ ಕೂರಕೂಡದು, ಮೊದಲು ಯಾರೂ ಉಣ್ಣಕೂಡದು ಎಂದು ಅದರಲ್ಲಿತ್ತು. ಮೊದಲು ಯಾರೂ ಗುಣವಾಗಕೂಡದು ಎಂದು ಇರಲಿಲ್ಲ; ಅಲ್ಲೇ ಬರೆದುಕೊಂಡರು. ಅಪರಾಧಕ್ಕೆ ‘ಅಗ್ರಗಮನ’ ಎಂದು ಹೆಸರಾಯಿತು.

“ಶಿಕ್ಷೆಯೇನೂ ಇಲ್ಲ,” ಎಂದ ಸಮ್ಮತಸೇನ ಉದಾರವಾಗಿ. “ಸ್ಥಾನ ಸರಿಪಡಿಸಿದರೆ ಸಾಕು. ನಾಳೆ ಅರಮನೆಯ ಮುಂದೆ ಮಹಾರಾಜರಿಗೆ ‘ಧೂಮಜಿತ’ ಬಿರುದು ಪ್ರದಾನ. ಅಲ್ಲಿ ಪಂಡಿತರು ಒಂದೇ ಒಂದು ಬೀಡಿ ಸೇದಲಿ, ರಾಜರ ಹಿಂದಿನ ಸಾಲಿಗೆ ಬರಲಿ. ಸೇದಿದರೆ ಅವರ ಬೀದಿಯ ಒಲೆಗಳಿಗೆ ಅನುಮತಿ. ಇಲ್ಲದಿದ್ದರೆ ಇಲ್ಲ. ಬಲವಂತವೇನಿಲ್ಲ.”

ಮರುದಿನ ಮಧ್ಯಾಹ್ನ ವೇದಿಕೆಯ ಮೇಲೆ ಮಹಾರಾಜರಿಗೆ ಚಿನ್ನದ ಶಾಲು ಹೊದಿಸಿದರು. ಬಿನ್ನವತ್ತಳೆಯಲ್ಲಿ, ಜಗತ್ತಿನಲ್ಲಿ ಯಾವ ದೊರೆಯೂ ಚುಟ್ಟ ಬಿಡುತ್ತಲೇ ಇಷ್ಟು ಚುಟ್ಟ ಸೇದಿದ ಉದಾಹರಣೆ ಇಲ್ಲವೆಂದು ಕೊಂಡಾಡಿದರು. ಹೊಟ್ಟೆಯಲ್ಲಿ ತಣ್ಣನೆಯ ಅವಲಕ್ಕಿ ಇಟ್ಟುಕೊಂಡು ನಿಂತಿದ್ದ ಜನ ಜೈ ಎಂದರು. ಮಹಾರಾಜರು ಮಾತಾಡಲು ಎದ್ದು ಬಹಳ ಹೊತ್ತು ಕೆಮ್ಮಿದರು.

ಈರಪಂಡಿತನ ಕೈಗೆ ಬೀಡಿ ಬಂತು. ಕೆಳಗೆ ಮುಂದಿನ ಸಾಲಿನಲ್ಲಿ ಹೊನ್ನವ್ವ ಇದ್ದಳು.

“ಬೇಡ ರೀ,” ಎಂದಳು, ಅವನಿಗೆ ಮಾತ್ರ ಕೇಳುವಷ್ಟು. “ನಾವು ಅವಲಕ್ಕಿಯಲ್ಲೇ ಇದ್ದುಬಿಡೋಣ.”

ಅವಳ ಪಕ್ಕದಲ್ಲಿ ಪುಟ್ಟಕ್ಕ ನಿಂತಿದ್ದಳು. ಮೊಮ್ಮಗುವನ್ನು ಸೆರಗಿನಲ್ಲಿ ಸುತ್ತಿ ತಂದಿದ್ದಳು; ಮಗುವಿನ ತಲೆಯಲ್ಲಿ ಹುಟ್ಟಿದ ದಿನದ ಕೊಳೆ ಇನ್ನೂ ಹಾಗೇ ಒಣಗಿತ್ತು.

ಈರಪಂಡಿತ ಬೀಡಿಗೆ ಬೆಂಕಿ ತಾಗಿಸಿದ. ಅದು ಕಹಿಯಾಗಿರುತ್ತದೆ, ಗಂಟಲು ಕಿತ್ತುಬರುತ್ತದೆ, ಮುಗಿಸಿ ಎಸೆದರಾಯಿತು ಎಂದುಕೊಂಡಿದ್ದ. ಅವನ ಅಷ್ಟೂ ಲೆಕ್ಕಾಚಾರದಲ್ಲಿ ತಪ್ಪಿದ್ದು ಇದೊಂದೇ. ಬೀಡಿ ರುಚಿಯಾಗಿತ್ತು. ಎಪ್ಪತ್ತೆರಡು ದಿನ ಬಾಗಿಲ ಹೊರಗೆ ಕಾದಿದ್ದ ನೆಂಟನಂತೆ ಹೊಗೆ ಒಳಗೆ ಬಂದು, ತನ್ನ ಹಳೆಯ ಜಾಗದಲ್ಲಿ ಕಾಲು ಚಾಚಿ ಕೂತಿತು.

ಅಂದು ಸಂಜೆ ಅವನ ಬೀದಿಯ ಹದಿನೇಳು ಮನೆಗಳಲ್ಲಿ ಒಲೆ ಉರಿಯಿತು. ಉಳಿದ ನಾಲ್ಕು ಸಾವಿರ ಮನೆಗಳಲ್ಲಿ ಉರಿಯಲಿಲ್ಲ. ಬೀಡಿ ಬಿಟ್ಟ ಇನ್ನೂ ಮುನ್ನೂರು ಜನರ ಪಟ್ಟಿ ಸಿದ್ಧವಾಗುತ್ತಿದೆ, ಅವರೂ ಸ್ಥಾನ ಸರಿಪಡಿಸಿಕೊಂಡರೆ ಅವರವರ ಬೀದಿಗಳ ಅರ್ಜಿಯನ್ನು ಪರಿಶೀಲಿಸಲಾಗುವುದು ಎಂದು ಪ್ರಾಧಿಕಾರ ತಿಳಿಸಿತು. ಪುಟ್ಟಕ್ಕನ ಮನೆಯ ಬಚ್ಚಲಲ್ಲಿ ಹಂಡೆ ಕಾಯಿತು.

ಮೂರನೆಯ ದಿನ ಬೆಳಿಗ್ಗೆ ಔಷಧಶಾಲೆಗೆ ಹೊರಟ ಈರಪಂಡಿತನ ಕಾಲು ಬೀದಿಯ ತುದಿಯ ಬೀಡಿ ಅಂಗಡಿಯ ಮುಂದೆ ನಿಂತಿತು. ಅಂಗಡಿಯ ದೊಡ್ಡೀರಯ್ಯ ನಕ್ಕ.

“ಬನ್ನಿ ಪಂಡಿತ್ರೇ, ಕಾಣಿಸದೆ ಎರಡು ತಿಂಗಳ ಮೇಲಾಯ್ತು. ಎಷ್ಟು ಕೊಡ್ಲಿ?”

“ಒಂದೇ,” ಎಂದ ಈರಪಂಡಿತ.

ದೊಡ್ಡೀರಯ್ಯ ಒಂದು ಕಟ್ಟು ತೆಗೆದುಕೊಟ್ಟ. ಈರಪಂಡಿತ ಅದನ್ನು ಹಿಂದಿರುಗಿಸಲಿಲ್ಲ.