ಕೊಲ್ಲದ ವೀರನ ದೊಡ್ಡಾಟ

ಬಳ್ಳಾರಿಯ ಪಾರ್ವತಿನಗರದಲ್ಲಿ, ಮುಖವಾಡದ ವೀರನ ಚಡ್ಡಿ ಪ್ಯಾಂಟಿನ ಒಳಗಿರಬೇಕೋ ಮೇಲಿರಬೇಕೋ ಎಂಬ ಪ್ರಶ್ನೆ ಗಂಭೀರ ಸ್ವರೂಪ ಪಡೆಯಿತೆಂದು ತಿಳಿಸಲು ವಿಷಾದಿಸುತ್ತೇನೆ. ನನ್ನ ಗೆಳೆಯ ಡ್ರಾಯಿಂಗ್ ಮಾಸ್ತರ ಕಾಮಿಕ್ಸ್ ಓದುವುದನ್ನು ಬಿಡುವ ತನಕ ಇಂಥವು ನಡೆಯುತ್ತಲೇ ಇರುತ್ತವೆ.

ಅವನು ಓದುವ ಕಾಮಿಕ್ಸಿನಲ್ಲಿ ಊರಿಗೆ ಬೆಳಗಾಗುವುದೇ ಇಲ್ಲ. ವೀರ ಖಳನನ್ನು ಹಿಡಿಯುತ್ತಾನೆ, ಕೊಲ್ಲುವುದಿಲ್ಲ. ಖಳ ತಪ್ಪಿಸಿಕೊಂಡು ಬಂದು ಮತ್ತೆ ಊರು ಸುಡುತ್ತಾನೆ. ಅಂಥದೊಂದು ಕಥೆ ತಾನೇ ಬರೆದು, ಅದನ್ನು ಹಾಡು-ಕುಣಿತದ ದೊಡ್ಡಾಟವಾಗಿ ಬಯಲಲ್ಲಿ ಆಡಿಸಿಯೇ ತೀರುತ್ತೇನೆಂದು ಮಾಸ್ತರ ಪಣ ತೊಟ್ಟ. ಷರತ್ತು ಒಂದೇ: ವೀರ ಕೊಲ್ಲಬಾರದು.

"ಕೊಂದ್ರ ಅವ್ನಿಗೂ ಖಳನಿಗೂ ಏನಲೇ ಫರಕು?" ಎಂದು ನನ್ನನ್ನು ಕೇಳಿದ. ನಾನು ಏನೂ ಇಲ್ಲವೆಂದು ತಲೆಯಾಡಿಸಿಬಿಟ್ಟೆ. ಹಾಗಾಗಿ ಪರದೆ ಹಿಂದೆ ನಿಂತು ಮಾತು ಹೇಳಿಕೊಡುವ ಕೆಲಸ ನನಗೆ ಬಂತು.

ಕಂಟೋನ್ಮೆಂಟಿನ ಟೇಲರ್

ಟೇಲರ್, ಮಾಸ್ತರ ತಂದಿದ್ದ, ಪ್ಯಾಂಟಿನ ಮೇಲೆ ಚಡ್ಡಿ ತೊಟ್ಟ ವೀರನ ಚಿತ್ರವನ್ನು ಬಹಳ ಹೊತ್ತು ನೋಡಿದ. "ಮಾಸ್ತರ, ಈ ಮನುಷ್ಯಾ ಅವಸರದಾಗ ಎದ್ದು ಬಂದಾನ."

"ಅದು ಅವರ ಪದ್ಧತಿ."

"ಮಾರಿ ಮುಚ್ಚಿಕೊಂಡು ಚಡ್ಡಿ ತೋರ್ಸೋದು ಎಂಥ ಪದ್ಧತಿರಿ? ಅವ್ನಿಗೆ ನಾಚಿಕಿ ಆಗಿದ್ದಾದ್ರೂ ಯಾವುದಕ್ಕ?"

ಕೊನೆಗೆ ಮೊಣಕಾಲು ಮುಚ್ಚುವ ಕರಿ ನಿಲುವಂಗಿ ಹೊಲಿಸಲಾಯಿತು.

ಸಿರುಗುಪ್ಪದ ತಾಲೀಮು

ಆಟ ಕಲಿಸಿದವರು ಸಿರುಗುಪ್ಪದ ಹಿರಿಯರು. ಸಾರಥಿಯ ಪಾತ್ರವೂ ಅವರದೇ. ದೊಡ್ಡಾಟದಲ್ಲಿ ಯಾರೇ ರಂಗಕ್ಕೆ ಬಂದರೂ ಸಾರಥಿ ತಡೆದು ಹೆಸರು, ಊರು ಕೇಳುತ್ತಾನೆ. ಹೇಳದೆ ಒಂದು ಹೆಜ್ಜೆಯೂ ಮುಂದಿಡುವಂತಿಲ್ಲ.

"ಎಲೈ ವೀರನೇ, ತಮ್ಮ ನಾಮಾಂಕಿತವೇನು?"

ವೀರನಾಗಿದ್ದವನು ಮೊಬೈಲ್ ಅಂಗಡಿಯವನು. ಮುಖವಾಡದೊಳಗಿಂದಲೇ ಕಥೆಯ ವೀರನ ನಿಜವಾದ ಹೆಸರು, ತಂದೆಯ ಹೆಸರು, ಬಂಗಲೆಯ ವಿಳಾಸ, ಅದರ ಕೆಳಗಿನ ಗುಪ್ತ ಗವಿ, ಎಲ್ಲವನ್ನೂ ಏರುದನಿಯಲ್ಲಿ ಸಾರಿದ.

ಮಾಸ್ತರ ತಲೆ ಹಿಡಿದುಕೊಂಡ. "ಗುಟ್ಟಲೇ ಅದು! ಖಳ ಇಲ್ಲೇ ನಿಂತಾನ!"

ಪಕ್ಕದಲ್ಲೇ ಚಹಾ ಕುಡಿಯುತ್ತಿದ್ದ ಖಳ, ಅಂದರೆ ಕುರುಗೋಡಿನ ಹಿಟ್ಟಿನ ಗಿರಣಿಯವರು, ಸಮಾಧಾನ ಹೇಳಿದರು: "ನಾ ಕೇಳಿಸ್ಕೊಂಡಿಲ್ರಿ ಮಾಸ್ತರ. ಮುಂದ ನಡೀಲಿ."

ಬಾದನಹಟ್ಟಿಯ ಆಟ

ಆಟದ ದಿನ ಹಿರಿಯರು ಎಚ್ಚರಿಸಿದರು: "ದುಷ್ಟ ಸಾಯೋತನಕ ಆಟ ಮುಗಿಸೋ ಮಂಗಳಾರತಿ ಹಾಡಾಂಗಿಲ್ಲ."

"ವೀರ ಕೊಲ್ಲಾಂಗಿಲ್ಲ," ಎಂದ ಮಾಸ್ತರ.

ಮಧ್ಯಾಹ್ನದ ಬಿಸಿಲಲ್ಲಿ ಕತ್ತಲ ನಗರದ ಯುದ್ಧ ನಡೆಯಿತು. ಖಳ ಮಂಡಿಯೂರಿ ಎದೆಯೊಡ್ಡಿದರು. ವೀರ ಕತ್ತಿ ಎತ್ತಿದ. "ನಿನ್ನನ್ನು ಕೊಲ್ಲಲಾರೆ!"

"ಕೊಲ್ಲಲೇ," ಎಂದರು ಖಳ, ಮೆಲ್ಲಗೆ. "ನಮ್ಮ ಬೀಗರು ಮುಂದ ಕುಂತಾರ."

"ಮಾಸ್ತರು ಬ್ಯಾಡ ಅಂದಾರಣ್ಣ."

"ನಾ ಸಾಯೋದು ನೋಡಾಕ ಬಂದಾರಲೇ!"

ಜನ "ಹೊಡೀಲೇ!" ಎಂದರು. ಪರದೆ ಹಿಂದಿನಿಂದ ಮಾಸ್ತರ "ಕೈ ಮಾಡಬ್ಯಾಡ!" ಎಂದು ಕೂಗಿದ. ವೀರ ಕತ್ತಿ ಎಸೆದು ಕೈಕಟ್ಟಿ ನಿಂತ.

ಖಳ ಕ್ಷಣ ಯೋಚಿಸಿದರು. ಮದ್ದಳೆಯವನಿಗೆ ಕಣ್ಸನ್ನೆ ಮಾಡಿದರು. ಎದ್ದು, ಕಲಿತಿದ್ದ ಸಾವಿನ ಕುಣಿತವನ್ನು ಒಂದು ಹೆಜ್ಜೆಯೂ ಬಿಡದೆ ರಂಗದ ತುಂಬ ಕುಣಿದು, ಯಾರೂ ಮುಟ್ಟದಿದ್ದರೂ ದೊಪ್ಪೆಂದು ಬಿದ್ದರು.

ಮುಂದಿನ ಸಾಲಿನಿಂದ ಬೀಗರು ಗಾಬರಿಯಾಗಿ ಎದ್ದರು. "ಬೀಗರ, ಯಾರು ಹೊಡದ್ರಿ?"

ಹೆಣ ತಲೆ ಎತ್ತಿತು. "ಯಾರೂ ಇಲ್ರಿ. ನನ್ನ ಪಾಡಿಗೆ ನಾ ಸತ್ತೀನಿ. ಕುಂದರ್ರಿ."

ಮಂಗಳಾರತಿ ಹಾಡಲಾಯಿತು. ವೀರ ಯಾರನ್ನೂ ಕೊಲ್ಲಲಿಲ್ಲ.