ಸೋಮಶೇಖರಪ್ಪನವರ ಸದ್ದಿಲ್ಲದ ಅಡುಗೆಮನೆ

“ಇವತ್ತಿನಿಂದ ಈ ಮನೆಯೊಳಗೆ ಸ್ಟೀಲಿಗೆ ಪ್ರವೇಶವಿಲ್ಲ!”

ಹೀಗೆಂದು ಘೋಷಿಸಿದವರು ಯಾರೋ ಸನ್ಯಾಸಿಯಲ್ಲ. ಗೋಣಿಬೀಡಿನಲ್ಲಿ ಬಸ್ಸು ನಿಲ್ಲುವ ಜಾಗಕ್ಕೆ ಎದುರಾಗಿ ಪಾತ್ರೆ ಅಂಗಡಿ ಇಟ್ಟು, ಸುತ್ತಲಿನ ಎಸ್ಟೇಟುಗಳ ಮದುವೆ, ಗೃಹಪ್ರವೇಶಗಳಿಗೆಲ್ಲ ಸ್ಟೀಲು ಹೊರಿಸಿ ಕಳಿಸಿದ ನಮ್ಮ ಸೋಮಶೇಖರಪ್ಪನವರು! ಸ್ಟೀಲಿನಿಂದಲೇ ಅನ್ನ ಕಂಡವರು ಸ್ಟೀಲನ್ನೇ ಗಡಿಪಾರು ಮಾಡಲು ಹೊರಟಿದ್ದರು.

ಕಾರಣವೇನೂ ಸಣ್ಣದಲ್ಲ. ಮುಂದೆ ಅಂಗಡಿ, ಹಿಂದೆ ಮನೆ, ನಡುವೆ ಒಂದು ಹೂವಿನ ಪರದೆ. ಪರದೆಯ ಆಚೆ ಹೆಂಡತಿ ಪ್ರೇಮಕುಮಾರಿ, ಬೀದಿಯವರ ಬಾಯಲ್ಲಿ ಪ್ರೇಮಕ್ಕ. ಕಾಫಿ ಆಯಿತೆಂದರೆ ಲೋಟ ಕಟ್ಟೆಯ ಮೇಲೆ ‘ಠಣ್’! ಗಂಡ ಊಟಕ್ಕೆ ಬರುವುದು ತಡವಾದರೆ ತಟ್ಟೆ ‘ಝಣಾರ್’! ಕೋಪ ಬಂದರಂತೂ ಮುಚ್ಚಳ ಮುಚ್ಚಳಗಳಿಗೇ ಕುರುಕ್ಷೇತ್ರ! ಅವತ್ತು ಕೊಟ್ಟಿಗೆಹಾರದ ಕಡೆಯಿಂದ ಮದುವೆ ಪಾತ್ರೆಗೆಂದು ಬಂದಿದ್ದ ಹೆಣ್ಣಿನ ತಾಯಿ ಒಳಗಿನ ಗಲಾಟೆ ಕೇಳಿ, “ಓಲಗದೋರು ಈಗ್ಲೇ ಬಂದ್ಬಿಟ್ಟಿದಾರಾ ಸಾಹುಕಾರ್ರೇ?” ಅಂತ ಕೂಗಿಯೇ ಕೇಳಿಬಿಟ್ಟರು. ಜೊತೆಗೆ ಬಂದಿದ್ದ ದಿಬ್ಬಣಕ್ಕೆ ದಿಬ್ಬಣವೇ ನಕ್ಕಿತು. ಸೋಮಶೇಖರಪ್ಪನವರ ಮುಖ ತಳ ಹಿಡಿದ ಹಾಲಿನ ಪಾತ್ರೆಯ ಹಾಗಾಯಿತು.

“ಏ ಪ್ರೇಮಾ! ಗಿರಾಕಿಗಳ ಎದುರಿಗೆ ಮರ್ಯಾದೆ ತೆಗೀತೀಯಲ್ಲ, ಅದೇನು ಕೈಯೋ, ಸುತ್ತಿಗೆಯೋ?”

ಪ್ರೇಮಕ್ಕ ಪರದೆ ಸರಿಸಿ ಬಂದು, ಸೊಂಟಕ್ಕೆ ಕೈಯಿಟ್ಟು, ಮೂಗಿಗೆ ಮೂಗು ತಾಗುವಷ್ಟು ಹತ್ತಿರ ನಿಂತರು. “ಸ್ಟೀಲು ತಂದು ತುಂಬಿದ್ದು ನೀವು. ಅದರ ಗಂಟಲು ನಾನು ಮಾಡಿದ್ದಾ?”

ಆ ಮಾತು ಸೋಮಶೇಖರಪ್ಪನವರ ತಲೆಯಲ್ಲಿ ದೀಪ ಹಚ್ಚಿತು! ಅವರು ಶಾಲೆ ಕಂಡಿದ್ದು ಕಡಿಮೆ. ಆದರೆ ಲೋಹವನ್ನು ತಟ್ಟಿ, ಮುಟ್ಟಿ, ತೂಗಿ ಓದಿಕೊಂಡ ಪಂಡಿತರು. ಪಕ್ಕದ ಕಾಫಿಪುಡಿ ಅಂಗಡಿಯ ಜಯದೇವಪ್ಪನನ್ನು ಕೂರಿಸಿಕೊಂಡು ಉಪನ್ಯಾಸ ಶುರು ಮಾಡಿದರು.

“ನೋಡೋ ಜಯದೇವ, ತಪ್ಪು ಮನುಷ್ಯರದ್ದಲ್ಲ, ಮಾಲಿನದ್ದು. ಹಿತ್ತಾಳೆ ಮಾತಾಡುತ್ತೆ. ಅಲ್ಯೂಮಿನಿಯಂ ಗೊಣಗುತ್ತೆ. ಸ್ಟೀಲು ಕಿರುಚುತ್ತೆ. ಮರ, ಮಣ್ಣು, ರಬ್ಬರು, ಇವು ಸಂಭಾವಿತರು. ಮಾಲು ಬದಲಾಯಿಸಿಬಿಟ್ಟರೆ ಹೆಂಡತಿ ಸ್ವಭಾವವೇ ಬದಲಾಗುತ್ತೆ!”

ಜಯದೇವಪ್ಪ ದಿನವಿಡೀ ಪುಡಿ ಮಿಷನ್ನಿನ ಪಕ್ಕ ನಿಂತು ಅಭ್ಯಾಸವಾದವನು. ಗುಟ್ಟನ್ನೂ ರಸ್ತೆಯಾಚೆ ಕೇಳುವಂತೆಯೇ ಹೇಳುತ್ತಾನೆ. “ಹಾಗಾದ್ರೆ ನನ್ನ ಮನೆಗೆ ಹತ್ತೀ ಪಾತ್ರೆ ತರಿಸ್ಕೊಡು ಮಾರಾಯ!” ಎಂದು ಗರ್ಜಿಸಿದ.

ಪಂಡಿತರು ಚಿಕ್ಕಮಗಳೂರಿಗೆ ಹೋಗಿ ಬಂದರು. ಮನೆಯ ಸ್ಟೀಲೆಲ್ಲ ಗೋಣಿಚೀಲ ಸೇರಿ ಅಟ್ಟ ಹತ್ತಿತು. ಒಲೆಗೆ ಮಣ್ಣಿನ ಪಾತ್ರೆ, ಊಟಕ್ಕೆ ಮರದ ತಟ್ಟೆ, ಬಡಿಸಲು ರಬ್ಬರಿನಂತೆ ಬಳುಕುವ ಸಿಲಿಕೋನ್ ಸೌಟು, ಕಾಫಿಗೆ ದಪ್ಪ ಗೋಡೆಯ ಪ್ಲಾಸ್ಟಿಕ್ ಲೋಟ! ಅಡುಗೆ ಕಟ್ಟೆಗೆ ರಬ್ಬರ್ ಹಾಸು. ಕುರ್ಚಿಯ ಕಾಲುಗಳಿಗೂ ಬಟ್ಟೆಯ ಬೂಟು! ಪ್ರೇಮಕ್ಕ ಎಲ್ಲವನ್ನೂ ನೋಡಿದರು. ಹೊಸ ಸೌಟನ್ನು ಒಮ್ಮೆ ಬಗ್ಗಿಸಿ ಬಿಟ್ಟರು. ಅದು ತಲೆಯಾಡಿಸಿ ನಿಂತಿತು. ಒಲೆಯ ಕಡೆ ತಿರುಗಿದರು.

ಮೊದಲ ದಿನವೇ ಕಾಫಿ ನಾಲಿಗೆ ಸುಟ್ಟಿತು. ಸ್ಟೀಲಿನ ಲೋಟ ಎಷ್ಟೇ ಒರಟಾದರೂ ಪ್ರಾಮಾಣಿಕ. ಒಳಗೆ ಎಷ್ಟು ಬಿಸಿಯಿದೆ ಎಂದು ಮೊದಲು ಬೆರಳಿಗೆ ಹೇಳಿ ಆಮೇಲೆ ತುಟಿಗೆ ಬರುತ್ತದೆ. ಈ ದಪ್ಪ ಲೋಟವೋ, ಹೊರಗೆ ತಣ್ಣಗೆ ನಗುತ್ತ ಒಳಗೆ ಕೆಂಡ ಇಟ್ಟುಕೊಂಡಿತ್ತು! ಗಟ್ಟಿ ಹುಳಿ ಎತ್ತಲು ಹೋದರೆ ಸೌಟು ಬಾಗಿ ನಮಸ್ಕಾರ ಮಾಡಿತು. ಮರದ ತಟ್ಟೆ ಸೋಮವಾರ ಕುಡಿದ ಬದನೆಕಾಯಿ ಹುಳಿಯ ವಾಸನೆಯನ್ನು ಬುಧವಾರದ ಪಾಯಸಕ್ಕೂ ದಾನ ಮಾಡಿತು. ಸೋಮಶೇಖರಪ್ಪನವರು ಎಲ್ಲವನ್ನೂ ಸಹಿಸಿದರು. ಸಂಶೋಧಕರಿಗೆ ಕಷ್ಟ ಬರದೇ ಇರುತ್ತದೆಯೇ!

ಸಹಿಸಲಾಗದೆ ಹೋದದ್ದು ಬೇರೆ. ಮನೆ ಸದ್ದು ನಿಲ್ಲಿಸಿತ್ತು. ಬರಿಯ ಪಾತ್ರೆಯದ್ದಲ್ಲ, ಪೂರ್ತಿ ಮನೆಯದ್ದು.

ಪಡಸಾಲೆಯಲ್ಲಿ ಪೇಪರು ಹಿಡಿದು ಕೂತರೆ ಒಳಗೆ ಹೆಂಡತಿ ಇದ್ದಾಳೋ, ಹಿತ್ತಲಿಗೆ ಹೋದಳೋ ತಿಳಿಯದು. ಕಾಫಿ ಯಾವಾಗಲೋ ಬಂದು ಮಗ್ಗುಲಲ್ಲಿ ಕೂತು ಆರಿ ಹೋಗಿರುತ್ತಿತ್ತು. ಮೇಲೆ ಕೆನೆ, ಕೆನೆಯ ಮೇಲೊಂದು ನೊಣ. ಪ್ರೇಮಕ್ಕ ಅವರಿಗೆ ಬೆನ್ನು ಮಾಡಿ ಒಲೆಯ ಮುಂದೆ ನಿಂತಿರುತ್ತಿದ್ದರು, ಒಂದು ಮಾತಿಲ್ಲ. ಇಷ್ಟು ವರ್ಷ ಆ ಬೆನ್ನಿನಾಚೆ ಏನು ನಡೆಯುತ್ತಿದೆ ಎಂಬುದನ್ನು ಒಂದೊಂದು ಮುಚ್ಚಳವೂ ಒದರುತ್ತಿತ್ತು. ಈಗ ಬೆನ್ನಷ್ಟೇ ಉಳಿದಿತ್ತು. ಅಂಗಡಿಗೆ ಬಂದು ಕೂತರೆ ಸಾಲು ಸಾಲು ಕೊಳಗ, ತಪ್ಪಲೆಗಳ ಹೊಟ್ಟೆಯಲ್ಲಿ ತಮ್ಮದೇ ಮುಖ: ಉದ್ದನೆಯದು, ಚಪ್ಪಟೆಯದು, ಸೊಟ್ಟಗಿನದು. ಇಷ್ಟೊಂದು ಮುಖಗಳಿದ್ದೂ ಮಾತಾಡಲು ಒಬ್ಬರಿಲ್ಲ!

‘ಸಿಟ್ಟೋ? ಬೇಸರವೋ? ಒಂದು ಸಲ ಕೂಗಾಡಬಾರದೇ ಇವಳು?’ ಎಂದು ಜೀವ ಒದ್ದಾಡಿತು. ಕೇಳಲು ಬಾಯಿ ಬರಲಿಲ್ಲ. ಅಟ್ಟ ಹತ್ತಿ ಗೋಣಿಚೀಲ ಇಳಿಸೋಣವೆಂದರೆ ಮರ್ಯಾದೆ ಅಡ್ಡ ಬಂತು. ಸರಿ, ತಾವಾಗಿಯೇ ಕೆಣಕಿದರು.

“ಸಾರಿಗೆ ಉಪ್ಪೇ ಇಲ್ಲ!” ಬೆನ್ನು ಅಲುಗಲಿಲ್ಲ.

“ನಿನ್ನ ತಮ್ಮನಂಥ ಜುಗ್ಗ ಈ ತಾಲೂಕಿನಲ್ಲೇ ಇಲ್ಲ!” ಇದು ಬ್ರಹ್ಮಾಸ್ತ್ರ. ಮುಂಚೆ ಇದಕ್ಕೆ ಮನೆಯ ತಟ್ಟೆಗಳೆಲ್ಲ ಒಮ್ಮೆಲೇ ಉತ್ತರ ಕೊಡುತ್ತಿದ್ದವು. ಈಗ ಪ್ರೇಮಕ್ಕನ ತಲೆ ಸ್ವಲ್ಪ ಅತ್ತಿತ್ತ ಆಡಿತು, ಅಷ್ಟೇ. ಸೋಮಶೇಖರಪ್ಪನವರು ಕಾದರು. ಪೇಪರು ಮಗುಚಿದರು. ಮತ್ತೆ ಕಾದರು. ಹತಾಶೆಯಿಂದ ಮರದ ತಟ್ಟೆಯನ್ನೇ ಎತ್ತಿ ನೆಲಕ್ಕೆ ಬಿಟ್ಟರು. ‘ದಪ್’ ಎಂದು ಅದು ನಾಯಿ ಮಲಗಿದ ಹಾಗೆ ಮಲಗಿತು.

“ಜಯದೇವ, ಅವಳು ಮಾತು ಬಿಟ್ಟಳು ಕಣೋ,” ಎಂದು ಪಂಡಿತರು ಕಾಫಿಪುಡಿ ಅಂಗಡಿಗೆ ಹೋಗಿ ಅಲವತ್ತುಕೊಂಡರು.

“ಕೋಪ ಬರಿಸಿ ನೋಡಿದ್ಯಾ?”

“ಬರ್ತಾ ಇಲ್ಲ.”

“ಪ್ರೇಮಕ್ಕನಿಗೇ ಕೋಪ ಬರ್ತಾ ಇಲ್ಲ ಅಂದ್ರೆ ಪರಿಸ್ಥಿತಿ ಕೈ ಮೀರಿದೆ ಮಾರಾಯ!” ಬೀದಿಗೆಲ್ಲ ಸುದ್ದಿ ಮುಟ್ಟಿತು.

ಮಾರನೆಯ ಬೆಳಿಗ್ಗೆ ಸೋಮಶೇಖರಪ್ಪನವರು ಮಹಾ ಉಪಾಯವೊಂದನ್ನು ಹೂಡಿದರು. ಅಂಗಡಿಯ ಬಾಗಿಲಲ್ಲಿ ಎಸ್ಟೇಟಿನ ಆರ್ಡರಿಗೆಂದು ಅಗಲ ಬಾಯಿಯ ಬೋಸಿಗಳನ್ನು ಗೋಪುರದಂತೆ ಪೇರಿಸಿದ್ದರು. ಅದರಿಂದ ಒಂದೇ ಒಂದು ಬೋಸಿ ಅಕಸ್ಮಾತ್ ಬಿದ್ದ ಹಾಗೆ ಬೀಳಬೇಕು. ಆ ಸದ್ದಿಗೆ ಪ್ರೇಮಾ ಓಡಿ ಬರಬೇಕು. ‘ಕಣ್ಣಿಲ್ವಾ ನಿಮಗೆ?’ ಎಂದು ಬಯ್ಯಬೇಕು. ಅಷ್ಟು ಸಾಕಿತ್ತು ಅವರಿಗೆ! ಆದರೆ ಮೇಲಿನ ಬೋಸಿ ಹೊಳಪಿನದು, ಬಿದ್ದು ನೆಗ್ಗಿದರೆ ಗಿರಾಕಿ ಮುಟ್ಟುವುದಿಲ್ಲ. ವ್ಯಾಪಾರಿ ಬುದ್ಧಿ ಎಲ್ಲಿ ಹೋಗುತ್ತದೆ? ಕೆಳಗಿದ್ದ ಹಳೆಯ ಮಾಲಿಗೇ ಕೈ ಹಾಕಿ ಎಳೆದರು.

ಗೋಪುರ ಒಂದು ಕ್ಷಣ ಯೋಚನೆ ಮಾಡಿತು. ಆಮೇಲೆ ಬಂತು!

ಬೋಸಿ, ಅದರ ಹಿಂದೆ ತಪ್ಪಲೆ, ಅದರ ಹಿಂದೆ ಗೋಡೆಯ ಸೌಟುಗಳು, ಕೊನೆಗೆ ಮಾಡಿಗೆ ನೇತುಹಾಕಿದ್ದ ಕೊಡಗಳು! ನಮ್ಮೂರಿನ ರಸ್ತೆಯೆಲ್ಲ ಇಳಿಜಾರು. ಮುಚ್ಚಳಗಳು ಸಾಲುಗಟ್ಟಿ ಮೂಡಿಗೆರೆಯ ದಾರಿ ಹಿಡಿದವು. ಎದುರು ಬಂದ ಬಸ್ಸು ಕಿರ್ ಎಂದು ನಿಂತಿತು. ಕಂಡಕ್ಟರು ಇಳಿದು ಬಂದು ಒಂದು ಜಾಲರಿಯನ್ನು ಕಾಲಲ್ಲಿ ತಡೆದ. ಕಿಟಕಿಗಳಲ್ಲಿ ತಲೆಗಳು ತುಂಬಿದವು.

“ಗುಡ್ಡ ಜರೀತೇನೋ ಮಾರಾಯ!” ಎಂದು ಜಯದೇವಪ್ಪ ಓಡಿ ಬಂದ.

ಪಾತ್ರೆಗಳ ನಡುವೆ ಸೋಮಶೇಖರಪ್ಪನವರು ಕುಂಡೆಯೂರಿ ಕೂತಿದ್ದರು. ಹಣೆಯ ಮೇಲೊಂದು ಬುಗುಟು. ಆದರೆ ಕಣ್ಣೆಲ್ಲ ಪರದೆಯ ಮೇಲೇ. ಪ್ರೇಮಕ್ಕ ಓಡಿ ಬಂದರು! ಗಂಡನ ಮುಖ ಅರಳಿತು. “ಬೈಯಿ ಪ್ರೇಮಾ, ಬೈಯಿ!” ಎಂದು ಕೈ ಮುಗಿದರು. “ನೀನು ಮಾತು ಬಿಟ್ಟ ಮೇಲೆ ನನಗೆ ಈ ಮನೆ ಮನೆಯೇ ಅಲ್ಲ.”

ಪ್ರೇಮಕ್ಕ ಬಯ್ಯಲಿಲ್ಲ. ಪಕ್ಕದಲ್ಲೇ ಒಂದು ಕೊಳಗ ಮಗುಚಿ ಹಾಕಿಕೊಂಡು ಕೂತರು. ಸೆರಗಿನಿಂದ ಗಂಡನ ಹಣೆ ಒತ್ತಿದರು. ಆಮೇಲೆ ಅವರ ಕಿವಿಯ ಹತ್ತಿರ ಬಾಗಿ, ಬಸ್ಸಿನವರಿಗೂ ಕೇಳುವಷ್ಟು ಜೋರಾಗಿ ಹೇಳಿದರು:

“ನಾನೆಲ್ಲಿ ಮಾತು ಬಿಟ್ಟೆ? ಇಷ್ಟು ದಿನವೂ ಮಾತಾಡ್ತಾನೇ ಇದ್ದೆ!”

“ಆಂ?”

“ಅದೇ ನೋಡಿ, ಆಂ! ಮೊದಮೊದಲು ಬೇಕಂತಲೇ ಉತ್ತರ ಕೊಡ್ತಿಲ್ಲ ಅಂದ್ಕೊಂಡು ಒಲೆ ಮುಂದೆ ನಿಂತು ಅತ್ತೆ. ‘ಈ ಮನೇಲಿ ನಾನು ಇದ್ದೀನೋ ಇಲ್ವೋ ನನಗೇ ಗೊತ್ತಾಗಲ್ಲ’ ಅಂದೆ. ನೀವು ಪೇಪರಿನ ಹಿಂದಿನಿಂದ ಯಾವುದೋ ಗುಂಗಲ್ಲಿ ‘ಇರಲಿ ಬಿಡು, ಅದೇ ಒಳ್ಳೇದು’ ಅಂದ್ರಿ. ಮೊನ್ನೆ ನನ್ನ ತಮ್ಮನ್ನ ಜುಗ್ಗ ಅಂದಾಗ ನಿಮ್ಮ ವಂಶವನ್ನೇ ಜಾಲಾಡಿದೆ. ನೀವು ಪೇಪರ್ ಮಗುಚಿದ್ರಿ! ಆಗ ಗೊತ್ತಾಯ್ತು, ನಿಮಗೆ ಕೇಳಿಸ್ತಾನೇ ಇಲ್ಲ ಅಂತ.”

ಅಂಥ ಅಮೂಲ್ಯವಾದ ಬೈಗುಳ ಕೈತಪ್ಪಿ ಹೋಯಿತಲ್ಲ ಎಂದು ಸೋಮಶೇಖರಪ್ಪನವರ ಹೊಟ್ಟೆ ಉರಿಯಿತು. “ಮತ್ತೆ... ಮುಂಚೆ ತಟ್ಟೆ ಕುಕ್ಕುತ್ತಿದ್ದದ್ದು?”

“ಬಾಯಲ್ಲಿ ಕರೆದ್ರೆ ಬರ್ತಿರಲಿಲ್ಲ. ಕುಕ್ಕಿದ್ರೆ ಬರ್ತಿದ್ರಿ. ಇನ್ನೇನು ಮಾಡಲಿ?”

ಬಸ್ಸಿನವರು ನಗಲಿಲ್ಲ. ಕಂಡಕ್ಟರು ಮೆಲ್ಲಗೆ ಜಾಲರಿಯನ್ನು ತಂದು ಅವರ ಪಕ್ಕದಲ್ಲಿಟ್ಟ.

ಸೋಮಶೇಖರಪ್ಪನವರು ತಲೆ ತಗ್ಗಿಸಿದರು. “ಒಂದು ಮಾತು ಮೊದಲೇ ಹೇಳಬಾರದಿತ್ತೇನೇ? ಕಿವಿ ಡಾಕ್ಟರಿಗೆ ತೋರಿಸ್ತಿದ್ದೆನಲ್ಲ!”

“ಹೇಳಿದೆನಲ್ಲ! ನಿನ್ನೆ ಬೆಳಿಗ್ಗೆ ಕಾಫಿ ಕೊಡುವಾಗ್ಲೇ ಹೇಳಿದೆ, ಡಾಕ್ಟರ ಹತ್ರ ಹೋಗೋಣ ಬನ್ನಿ ಅಂತ.”

“ನಾನೇನಂದೆ?”

“‘ಬೇಡ, ಸಕ್ಕರೆ ಸರಿಯಾಗಿದೆ’ ಅಂದ್ರಿ.”