ಅಳಲಾರದ ಸಂಗಪ್ಪನ ಮೊದಲ ಪಾತ್ರ

ಕಳೆದ ದೀಪಾವಳಿಯ ನಂತರದ ಸೋಮವಾರ ಬೆಳಿಗ್ಗೆ ಹತ್ತು ಗಂಟೆಗೆ, ಬೀದರ್ ಬಳಿಯ ಮನ್ನಳ್ಳಿಯ ಒಂದು ಪಡಸಾಲೆಯಲ್ಲಿ, ನನ್ನ ಹೆಂಡತಿಯ ತಮ್ಮ ಸಂಗಪ್ಪ ಸಿನಿಮಾ ನಟನಾದ. ಈ ಸುದ್ದಿ ನಮ್ಮ ಪತ್ರಿಕೆಯಲ್ಲಿ ಅದೇ ದಿನ ಬೆಳಿಗ್ಗೆ ಆರಕ್ಕೇ ಬಂದಿತ್ತು. ಬರೆದವನು ನಾನು. ಇಪ್ಪತ್ತೆರಡು ವರ್ಷದ ವರದಿಗಾರಿಕೆಯಲ್ಲಿ ಒಂದೂ ತಿದ್ದುಪಡಿ ಹಾಕಿಸಿಕೊಳ್ಳದವನು ಎಂಬ ಹೆಮ್ಮೆ ನನಗಿದೆ. ಮಂತ್ರಿ ಹೇಳಿದ್ದನ್ನೂ ಎರಡು ಕಡೆ ವಿಚಾರಿಸಿಯೇ ಬರೆಯುತ್ತೇನೆ. ಹೆಂಡತಿ ಹೇಳಿದ್ದನ್ನು ಎಲ್ಲಿ ವಿಚಾರಿಸುವುದು? "ತಮ್ಮ ಅಳೋ ಮಗನ ಪಾರ್ಟ್ ಮಾಡ್ಯಾನ ಅಂತ ಬರೀರಿ. ಔರಾದನಾಗ ಅವ್ವ ಪೇಪರಿನ ದಾರಿ ಕಾಯ್ಲಿಕತ್ತಾಳ" ಅಂದಳು. ಇನ್ನೂ ನಡೆಯದ ಚಿತ್ರೀಕರಣದಲ್ಲಿ ಅವನು ಮನ ಕರಗುವಂತೆ ಅತ್ತನೆಂದು ಬರೆದುಬಿಟ್ಟೆ. ಈಗ ಅವನು ಅಳಲೇಬೇಕಿತ್ತು. ಅದನ್ನು ಕಣ್ಣಾರೆ ನೋಡಲು ನಾನೂ ಹೋಗಿದ್ದೆ.

ಸಂಗಪ್ಪ ಭಾಲ್ಕಿಯ ದನದ ಸಂತೆಯಲ್ಲಿ ದಲ್ಲಾಳಿ. ಅಲ್ಲಿ ಎತ್ತಿನ ವ್ಯವಹಾರ ಬಾಯಲ್ಲಿ ನಡೆಯುವುದಿಲ್ಲ. ಟವೆಲಿನ ಕೆಳಗೆ ಕೈಗೆ ಕೈ ಕೊಟ್ಟು ಬೆರಳು ಹಿಚುಕಿಯೇ ಬೆಲೆ ಕಟ್ಟುವುದು. ಮೇಲೆ ಮುಖ ಮಾತ್ರ ಗೋಡೆಯಂತಿರಬೇಕು. ಮದುವೆಯ ಫೋಟೊದಲ್ಲೂ ಅವನ ಮುಖ ಹಾಗೇ ಇದೆ.

ಕೊರಳವರೆಗೆ ಬಿಳಿ ಬಟ್ಟೆ ಹೊದ್ದು ಮಲಗಿದ್ದ ಸಿನಿಮಾದ ತಂದೆಯ ಪಕ್ಕ ಅವನನ್ನು ಕೂರಿಸಿ, ಬೆಂಗಳೂರಿನ ನಿರ್ದೇಶಕರು ಸಮಾಧಾನದಿಂದಲೇ ಹೇಳಿದರು. "ನೋಡಿ, ನಿಮ್ಮ ತಂದೆ ತೀರಿಕೊಂಡಿದ್ದಾರೆ."

"ಗೊತ್ತದರಿ" ಅಂದ ಸಂಗಪ್ಪ.

"ಆ ದುಃಖ ಮುಖದಲ್ಲಿ ಕಾಣಬೇಕಲ್ವಾ?"

"ಮುಖದಾಗ ಕಂಡ್ರ ಎತ್ತು ಕೈ ಬಿಟ್ಟು ಹೋಗ್ತದರಿ."

ಏಳನೆಯ ಸಲಕ್ಕೆ ಅವನಿಗೆ ನಿಜಕ್ಕೂ ದುಃಖ ಬಂತು. ಬಂದ ದುಃಖ ಮುಖಕ್ಕೆ ಹೋಗದೆ ರೂಢಿಯಂತೆ ಕೈಗಿಳಿಯಿತು. ಕೈ ಬಿಳಿ ಬಟ್ಟೆಯ ಕೆಳಗೆ ನುಗ್ಗಿ ತಂದೆಯ ಬೆರಳುಗಳನ್ನು ಒಂದೊಂದಾಗಿ ಹಿಚುಕತೊಡಗಿತು. ಹೆಣವಾಗಿ ಮಲಗಿದ್ದ ಹಿರಿಯ ನಟರು ಕಿಸಕ್ಕನೆ ನಕ್ಕು ಎದ್ದು ಕೂತರು. "ಇವರು ನನಗೆ ರೇಟು ಕಟ್ತಿದ್ದಾರೆ. ನಾನು ಮಲಗಲ್ಲ" ಎಂದು ಚಹಾ ಕುಡಿಯಲು ಹೋದರು.

ನಿರ್ದೇಶಕರು ಸಂಗಪ್ಪನ ಮುಖವನ್ನು ಬಹಳ ಹೊತ್ತು ನೋಡಿದರು. ಆಮೇಲೆ ಅವನ ಗಡ್ಡಕ್ಕೆ ಬಿಳಿ ಬಳಿಸಿ ಹೆಣದ ಜಾಗದಲ್ಲಿ ಮಲಗಿಸಿದರು. ಮೂಗಿನ ಮೇಲೆ ನೊಣ ಕೂತು, ತುಟಿಯವರೆಗೆ ನಡೆದು, ಬೇಸರವಾಗಿ ಹಾರಿಹೋಯಿತು. ಸಂಗಪ್ಪ ಮಿಸುಕಲಿಲ್ಲ. ಎಲ್ಲರೂ ಚಪ್ಪಾಳೆ ತಟ್ಟಿದರು. ನನಗೆ ಮಾತ್ರ ನನ್ನ ಮೊದಲ ತಿದ್ದುಪಡಿ ಎದುರಿಗೇ ಕಾಣಿಸಿ ಕಣ್ಣು ತುಂಬಿತು.

"ಅಲ್ಲಿ ಮೂಲೇಲಿ ಅಳ್ತಿರೋರು ಯಾರು? ಅವರನ್ನ ಕರೀರಿ" ಅಂದರು ನಿರ್ದೇಶಕರು.

ನನಗಿಂತ ಒಂಬತ್ತು ವರ್ಷ ಚಿಕ್ಕವನಾದ ಭಾವಮೈದುನನ ಕಾಲು ಹಿಡಿದು "ಅಪ್ಪಾ" ಎಂದು ಅತ್ತೆ. ಒಂದೇ ಸಲಕ್ಕೆ ಮುಗಿಯಿತು. ತುಟಿ ಅಲುಗಿಸದೆ ಹೆಣ ಮೆಲ್ಲಗೆ, "ಮಾಮಾ, ಸಾಕ್ರಿ, ಕಾಲಿಗೆ ಕಚಗುಳಿ ಆಗ್ಲಿಕತ್ತದ" ಅಂದಿತು. ಮುಖ ಆಗಲೂ ಗೋಡೆಯೇ.

ಮರುದಿನ ಪತ್ರಿಕೆಯಲ್ಲಿ ಬಂದದ್ದು ಇಷ್ಟು: "ತಿದ್ದುಪಡಿ. ನಿನ್ನೆಯ ಸುದ್ದಿಯಲ್ಲಿ ಅತ್ತರೆಂದು ವರದಿಯಾದ ಸಂಗಪ್ಪ ಅವರು ಮೃತರು. ಅತ್ತವರು ನಮ್ಮ ವರದಿಗಾರರು."

ಔರಾದಿನಿಂದ ಅತ್ತೆಯ ಫೋನು ಬಂತು. "ಬದುಕಿದ್ದ ನನ್ನ ಮಗನ್ನ ಪೇಪರಿನಾಗ ಸಾಯ್ಸೀರಿ, ಇರ್ಲಿ. ಅಳೂದಾದ್ರೂ ಛಂದಾಗಿ ಅತ್ತೀರೇನ್ರಿ?"

ಸಂಗಪ್ಪನಿಗೆ ಇನ್ನೆರಡು ಚಿತ್ರಗಳಲ್ಲಿ ಹೆಣದ ಪಾತ್ರ ಸಿಕ್ಕಿದೆ. ನಿನ್ನೆ ಸಂಜೆಯವರೆಗೆ ನನಗೆ ಕರೆ ಬಂದಿಲ್ಲ.